ಐದನೇ ವಯಸ್ಸಿಗೆ ನಟಿ, ಇಪ್ಪತ್ತಾರಕ್ಕೆ ಸ್ವತಂತ್ರೆ: ಹಿಡೆಕೊ ತಕಮಿನೆ ಐವತ್ತು ವರ್ಷ ಉಳಿದದ್ದು ಹೇಗೆ?

ಬಾಲನಟರ ಕಥೆ ಸಾಮಾನ್ಯವಾಗಿ ಬೇಗ ಮುಗಿಯುತ್ತದೆ. ಮುಖದಲ್ಲಿ ಮುಗ್ಧತೆ ಇರುವಷ್ಟು ದಿನ ಎಲ್ಲರಿಗೂ ಬೇಕು. ಎತ್ತರ ಬೆಳೆದು, ದನಿ ಬದಲಾದ ಮೇಲೆ ಕೇಳುವವರಿಲ್ಲ. ಜಪಾನಿನ ಹಿಡೆಕೊ ತಕಮಿನೆ ಇದಕ್ಕೆ ದೊಡ್ಡ ಅಪವಾದ. ಮೊದಲ ಸಲ ಕ್ಯಾಮೆರಾ ಮುಂದೆ ನಿಂತದ್ದು 1929ರಲ್ಲಿ, ಐದು ವರ್ಷದವರಿದ್ದಾಗ. ಕೊನೆಯ ಚಿತ್ರ ಬಂದದ್ದು 1979ರಲ್ಲಿ. ನಡುವೆ ಮೂಕಿ ಹೋಗಿ ಟಾಕಿ ಬಂತು. ಮಹಾಯುದ್ಧ ಆಯಿತು. ಅಮೆರಿಕದ ಸೇನೆ ಬಂದು ಆಳಿ ಹೋಯಿತು. ಬಣ್ಣ ಬಂತು, ಟೀವಿ ಬಂತು. ತಕಮಿನೆ ಇದ್ದೇ ಇದ್ದರು.

ಇದನ್ನೆಲ್ಲ ಪ್ರತಿಭೆ ಅಂತ ಹೇಳಿ ಮುಗಿಸಿಬಿಡುವವರೇ ಜಾಸ್ತಿ. ಪ್ರತಿಭೆ ಇತ್ತು, ಅನುಮಾನವೇ ಬೇಡ. ಆದರೆ ಪ್ರತಿಭೆ ಇದ್ದೂ ಮರೆಯಾದ ಮಕ್ಕಳು ಎಷ್ಟೋ ಜನ ಇದ್ದಾರೆ ಅಲ್ವಾ? ನನಗೆ ಕಾಣುವ ಕಾರಣ ಬೇರೆ. ಆ ಕಾಲದ ಜಪಾನಿನಲ್ಲಿ ಯಾವ ಪಾತ್ರ, ಯಾವ ನಿರ್ದೇಶಕ ಅಂತ ತೀರ್ಮಾನಿಸುತ್ತಿದ್ದದ್ದು ಕಂಪನಿ, ಕಲಾವಿದರಲ್ಲ. ತಕಮಿನೆ 1950ರಲ್ಲಿ ಆ ಹಿಡಿತದಿಂದ ಹೊರಗೆ ಬಂದರು. ಅವರ ಅತ್ಯುತ್ತಮ ಚಿತ್ರಗಳು ಅನ್ನಿಸಿಕೊಂಡಿರುವವು ಹೆಚ್ಚುಕಮ್ಮಿ ಎಲ್ಲವೂ ಆಮೇಲಿನವು. ಆ ಒಂದು ಹೆಜ್ಜೆ ಯಾಕೆ ಅಷ್ಟು ದೊಡ್ಡದು ಅಂತ ತಿಳಿಯಬೇಕಾದರೆ ಅದಕ್ಕಿಂತ ಹಿಂದಿನ ಇಪ್ಪತ್ತೊಂದು ವರ್ಷ ನೋಡಬೇಕು.

ಅತ್ತೆಯ ಹೆಸರು, ಮಗುವಿನ ದುಡಿಮೆ

ಹುಟ್ಟಿದ್ದು 1924ರ ಮಾರ್ಚ್ 27ರಂದು, ಜಪಾನಿನ ಉತ್ತರ ತುದಿಯ ಹೊಕ್ಕೈಡೊ ದ್ವೀಪದ ಹಕೊದಾತೆ ಊರಲ್ಲಿ. ನಾಲ್ಕು ವರ್ಷ ತುಂಬಿದ ಸುಮಾರಿಗೆ ತಾಯಿ ಕ್ಷಯದಿಂದ ತೀರಿಕೊಂಡರು. ಸೋದರತ್ತೆ ಶಿಗೆ ಮಗುವನ್ನು ದತ್ತು ತೆಗೆದುಕೊಂಡು ಟೋಕಿಯೊಗೆ ಕರೆದೊಯ್ದರು. ಈ ಅತ್ತೆ ಒಂದು ಕಾಲದಲ್ಲಿ ಬೆನ್ಶಿ ಆಗಿದ್ದವರು. ಮೂಕಿ ಚಿತ್ರ ಓಡುವಾಗ ಪರದೆ ಪಕ್ಕ ನಿಂತು ಕಥೆ ಹೇಳುತ್ತಾ, ಎಲ್ಲ ಪಾತ್ರಗಳ ಮಾತನ್ನೂ ತಾವೇ ಆಡುವವರಿಗೆ ಜಪಾನಿನಲ್ಲಿ ಬೆನ್ಶಿ ಅನ್ನುತ್ತಿದ್ದರು. ಹಿಡೆಕೊ ತಕಮಿನೆ ಅನ್ನುವುದು ಆ ಅತ್ತೆ ಇಟ್ಟುಕೊಂಡಿದ್ದ ರಂಗದ ಹೆಸರು. ಅದೇ ಹೆಸರು ಮಗುವಿಗೆ ಬಂತು.

ಸಿನಿಮಾಗೆ ಬಂದದ್ದು ಅಕಸ್ಮಾತ್ ಆಗಿ. 1929ರಲ್ಲಿ ಶೋಚಿಕು ಕಂಪನಿಯವರು 'ತಾಯಿ' ಅನ್ನುವ ಚಿತ್ರಕ್ಕೆ ಮಗುವೊಂದನ್ನು ಹುಡುಕುತ್ತಿದ್ದರು. ಕಮಾತಾ ಸ್ಟುಡಿಯೊದಲ್ಲಿ ಮಕ್ಕಳನ್ನು ಸಾಲಾಗಿ ನಿಲ್ಲಿಸಿದ್ದರು. ಸ್ಟುಡಿಯೊ ತೋರಿಸೋಣ ಅಂತ ಕರೆದುಕೊಂಡು ಹೋಗಿದ್ದ ಸಾಕುತಂದೆ ಈ ಮಗುವನ್ನೂ ಸಾಲಿನ ಕೊನೆಗೆ ನಿಲ್ಲಿಸಿದರು. ನಿರ್ದೇಶಕ ಹೊತೆಯ್ ನೊಮುರಾ ಆರಿಸಿದ್ದು ಅದನ್ನೇ. ಚಿತ್ರ ಚೆನ್ನಾಗಿ ಓಡಿತು.

ಆಮೇಲೆ ಬಿಡುವೇ ಇಲ್ಲ. ಕಂಪನಿ ಹೇಳಿದ ಪಾತ್ರ ಮಾಡಬೇಕು. ಹುಡುಗಿ ಪಾತ್ರವೂ ಸೈ, ಹುಡುಗನ ಪಾತ್ರವೂ ಸೈ. ಒಂದು ಮುಗಿಯುವ ಮೊದಲೇ ಇನ್ನೊಂದು. ಸರಿಯಾಗಿ ಶಾಲೆಗೆ ಹೋಗಲು ಆಗಲೇ ಇಲ್ಲ. 1934ರಲ್ಲಿ ಹಕೊದಾತೆಯಲ್ಲಿ ಭಾರಿ ಬೆಂಕಿ ಬಿದ್ದು ಊರಿಗೆ ಊರೇ ಸುಟ್ಟಾಗ, ಎಲ್ಲ ಕಳೆದುಕೊಂಡ ಸಂಬಂಧಿಕರು ಟೋಕಿಯೊಗೆ ಬಂದರು. ಹತ್ತು ವರ್ಷದ ಹುಡುಗಿಯ ಸಂಪಾದನೆಯಲ್ಲಿ ಅಷ್ಟೂ ಜನರ ಊಟ ನಡೆಯಬೇಕಾಯಿತು. ಈ ಮಾತನ್ನು ಮುಂದೆ ತಮ್ಮ ಆತ್ಮಕಥೆಯಲ್ಲಿ ಅವರು ಮುಚ್ಚುಮರೆ ಇಲ್ಲದೆ ಬರೆದರು.

ಆ ಕಾಲದ ಅವರ ಕೆಲಸ ನೋಡಬೇಕೆಂದರೆ ನಿರ್ದೇಶಕ ಯಾಸುಜಿರೊ ಓಜು ಅವರ 1931ರ 'ಟೋಕಿಯೊ ಕೋರಸ್' ಇದೆ. ಅಪ್ಪನಿಗೆ ಕೆಲಸ ಹೋಗಿದೆ. ಮಗಳಿಗೆ ಕಾಯಿಲೆಯಾಗಿ ಆಸ್ಪತ್ರೆಗೆ ಸೇರಿಸಿ, ವಾಸಿಯಾಗಿ ಮನೆಗೆ ಬಂದಿದ್ದಾಳೆ. ಎಲ್ಲರೂ ಕೂತು ಕೈ ತಟ್ಟುವ ಆಟ ಆಡುತ್ತಾರೆ. ಆಸ್ಪತ್ರೆ ಖರ್ಚಿಗೆ ಅಪ್ಪ ಹೆಂಡತಿಯ ಕಿಮೊನೊಗಳನ್ನು, ಅಂದರೆ ಜಪಾನಿನ ಸಾಂಪ್ರದಾಯಿಕ ಉಡುಪುಗಳನ್ನು, ಮಾರಿದ್ದಾನೆ ಅಂತ ಹೆಂಡತಿಗೆ ಅಷ್ಟರಲ್ಲಿ ಗೊತ್ತಾಗಿದೆ. ಅವಳ ಕಣ್ಣು ತುಂಬುತ್ತದೆ, ಆದರೂ ಕೈ ತಟ್ಟುವುದು ನಿಲ್ಲಿಸುವುದಿಲ್ಲ. ದೊಡ್ಡವರ ಸಂಕಟ ಏನೂ ಗೊತ್ತಿಲ್ಲದೆ ಖುಷಿಯಾಗಿ ಚಪ್ಪಾಳೆ ತಟ್ಟುವ ಆ ಮಗಳೇ ತಕಮಿನೆ. ಮಗು ನಟಿಸುತ್ತಿದೆ ಅಂತ ಒಂದು ಕ್ಷಣವೂ ಅನ್ನಿಸುವುದಿಲ್ಲ.

ಹಾಲಿವುಡ್‌ನ ಹೆಸರಾಂತ ಬಾಲನಟಿ ಶರ್ಲಿ ಟೆಂಪಲ್‌ಗೆ ಹೋಲಿಸಿ ಅವರನ್ನು ಜಪಾನಿನ ಶರ್ಲಿ ಟೆಂಪಲ್ ಅಂತ ಕರೆಯುವ ರೂಢಿ ಇದೆ. ನನಗೆ ಇದು ಅಷ್ಟು ಸರಿ ಕಾಣುವುದಿಲ್ಲ. ಟೆಂಪಲ್ ಸಿನಿಮಾಕ್ಕೆ ಬರುವ ಮೊದಲೇ ತಕಮಿನೆ ಬಂದಾಗಿತ್ತು. ಅದಕ್ಕಿಂತ ದೊಡ್ಡ ವ್ಯತ್ಯಾಸ ಮುಂದಿನದು. 1950ರಲ್ಲಿ ಟೆಂಪಲ್ ಸಿನಿಮಾದಿಂದ ನಿವೃತ್ತಿ ಅಂತ ಘೋಷಿಸಿದರು. ತಕಮಿನೆ ಕಂಪನಿ ಬಿಟ್ಟು ಸ್ವತಂತ್ರವಾಗಿ ದುಡಿಯಲು ಹೊರಟದ್ದು ಅದೇ ವರ್ಷ.

ಸ್ಟುಡಿಯೊ ಪದ್ಧತಿ ಅಂದರೆ ಏನು?

ಈಗ ನಾವು ನೋಡುವ ಚಿತ್ರರಂಗದಲ್ಲಿ ಒಬ್ಬ ನಿರ್ಮಾಪಕ ದುಡ್ಡು ಹೊಂದಿಸುತ್ತಾನೆ, ಆ ಚಿತ್ರದ ಮಟ್ಟಿಗೆ ನಟರನ್ನು ಗೊತ್ತು ಮಾಡುತ್ತಾನೆ. ಚಿತ್ರ ಮುಗಿದರೆ ಸಂಬಂಧ ಮುಗಿಯಿತು. ಆಗಿನ ಜಪಾನಿನಲ್ಲಿ ಹಾಗಿರಲಿಲ್ಲ. ಶೋಚಿಕು, ತೋಹೋ, ನಿಕ್ಕತ್ಸು, ಆಮೇಲೆ ದಾಯೆಯ್, ತೋಯೆಯ್ ಇಂಥ ಕೆಲವೇ ಕಂಪನಿಗಳ ಕೈಯಲ್ಲಿ ಎಲ್ಲವೂ ಇತ್ತು. ಅವರದೇ ಸ್ಟುಡಿಯೊ, ಅವರದೇ ನಿರ್ದೇಶಕರು, ಕ್ಯಾಮೆರಾದವರು, ಬರಹಗಾರರು. ಚಿತ್ರ ಓಡಿಸುವ ಟಾಕೀಸುಗಳೂ ಅವರ ಹಿಡಿತದಲ್ಲೇ. ಆ ಟಾಕೀಸುಗಳಿಗೆ ಬಿಡುವಿಲ್ಲದೆ ಹೊಸ ಚಿತ್ರ ಬೇಕು. ಹಾಗಾಗಿ ಕಾರ್ಖಾನೆಯಲ್ಲಿ ಮಾಲು ಬಂದಹಾಗೆ ಚಿತ್ರ ಬರಬೇಕು.

ನಟ ನಟಿಯರು ಕರಾರಿನ ಮೇಲೆ ಸಂಬಳಕ್ಕಿದ್ದವರು. ಇದರಲ್ಲಿ ಒಳ್ಳೆಯದೂ ಇತ್ತು. ಚಿತ್ರ ಸೋತರೂ ತಿಂಗಳ ಸಂಬಳ ಬರುತ್ತದೆ. ಒಬ್ಬನೇ ನಿರ್ದೇಶಕನ ಕೈಕೆಳಗೆ ಮತ್ತೆ ಮತ್ತೆ ಕೆಲಸ ಮಾಡಿ ಪಳಗಬಹುದು. ಆದರೆ ಬೇಡ ಅನ್ನುವ ಹಕ್ಕು ಇರಲಿಲ್ಲ. ಜನ ಒಂದು ಸಲ ಯಾವ ಪಾತ್ರದಲ್ಲಿ ಮೆಚ್ಚಿದರೋ ಅದನ್ನೇ ಮತ್ತೆ ಮತ್ತೆ ಕೊಡುತ್ತಾರೆ. ಬಾಲನಟರಿಗೆ ಪೆಟ್ಟು ಬೀಳುವುದು ಇಲ್ಲೇ. ಮಗು ಬೆಳೆಯುತ್ತದೆ, ಕೊಡುವ ಪಾತ್ರ ಬೆಳೆಯುವುದಿಲ್ಲ.

ತಕಮಿನೆ ಮೊದಲ ಸಲ ಮನೆ ಬದಲಿಸಿದ್ದು 1937ರಲ್ಲಿ, ಹದಿಮೂರನೇ ವಯಸ್ಸಿಗೆ. ಶೋಚಿಕು ಬಿಟ್ಟು ಪಿ.ಸಿ.ಎಲ್. ಅನ್ನುವ ಹೊಸ ಕಂಪನಿಗೆ ಹೋದರು. ಅದೇ ಮುಂದೆ ತೋಹೋ ಆಯಿತು. ಅಲ್ಲಿಗೆ ಹೋದರೆ ಶಾಲೆಗೆ ಹೋಗಬಹುದು ಅನ್ನುವ ಆಸೆ ಇತ್ತು. ಬುಂಕಾ ಗಕುಯಿನ್ ಶಾಲೆಗೆ ಸೇರಿದ್ದೂ ಆಯಿತು. ಶೂಟಿಂಗ್ ಇದ್ದಾಗ ಪಾಠ ನಡೆಯುತ್ತದೆಯೇ? ಬಿಡಬೇಕಾಯಿತು. ಓದಲಾಗದ ಆ ಕೊರತೆಯನ್ನು ಅವರು ಜೀವನವಿಡೀ ಪುಸ್ತಕ ಓದಿ ತುಂಬಿಕೊಂಡರು.

ಆದರೆ ತೋಹೋದಲ್ಲಿ ಇನ್ನೊಂದು ಲಾಭವಾಯಿತು. ನಿರ್ದೇಶಕ ಕಜಿರೊ ಯಮಾಮೊಟೊ ಅವರನ್ನು ಮುದ್ದು ಮಗುವಾಗಿ ಅಲ್ಲ, ಬೆಳೆಯುತ್ತಿರುವ ಹುಡುಗಿಯಾಗಿ ತೋರಿಸಿದರು. 1938ರ ಚಿತ್ರವೊಂದರಲ್ಲಿ ಬಡ ತಗಡು ಕೆಲಸದವನ ಮಗಳಾಗಿ, ಶಾಲೆಯಲ್ಲಿ ಪ್ರಬಂಧ ಬರೆಯುವ ಹುಡುಗಿಯಾಗಿ ಬಂದರು. ಆಮೇಲೆ 1941ರ 'ಉಮಾ', ಅಂದರೆ ಕುದುರೆ. ಈಶಾನ್ಯ ಜಪಾನಿನ ರೈತರ ಮನೆ ಹುಡುಗಿ ಮರಿಯಿಂದ ಸಾಕಿದ ಕುದುರೆ ಕೊನೆಗೆ ಸೈನ್ಯಕ್ಕೆ ಹೋಗುವ ಕಥೆ. ಹಿಮ, ಬೇಸಿಗೆ, ಕೊಯ್ಲು ಎಲ್ಲ ನಿಜವಾಗಿ ಬರಲಿ ಅಂತ ಋತುಗಳಿಗೆ ಕಾದು ಚಿತ್ರೀಕರಿಸಿದರು. ಅದರ ಸಹಾಯಕ ನಿರ್ದೇಶಕ ಅಕಿರಾ ಕುರೊಸಾವಾ. ಹೊರಾಂಗಣದ ಎಷ್ಟೋ ಕೆಲಸ ಅವರೇ ನೋಡಿಕೊಂಡರು. ಇಬ್ಬರ ನಡುವೆ ಪ್ರೀತಿಯೂ ಹುಟ್ಟಿತು. ಸಾಕುತಾಯಿ ಒಪ್ಪಲಿಲ್ಲ, ಅಲ್ಲಿಗೆ ಮುಗಿಯಿತು.

ಯುದ್ಧದ ವರ್ಷಗಳಲ್ಲಿ ಎಷ್ಟೋ ಸೈನಿಕರ ಜೇಬಿನಲ್ಲಿ ಅವರ ಫೋಟೋ ಇರುತ್ತಿತ್ತು. ಸೋತ ಮೇಲೆ ಅದೇ ಹುಡುಗಿ ಟೋಕಿಯೊದಲ್ಲಿ ಅಮೆರಿಕದ ಸೈನಿಕರ ಮುಂದೆ ಹಾಡಿದರು.

ಮುಷ್ಕರ, ಮತ್ತೆ ಬಿಡುಗಡೆ

ಯುದ್ಧ ಮುಗಿದ ಕೂಡಲೇ ತೋಹೋದಲ್ಲಿ ಕಾರ್ಮಿಕ ಸಂಘ ಬಲವಾಯಿತು. 1946ರಿಂದ 1948ರವರೆಗೆ ಮೂರು ದೊಡ್ಡ ಮುಷ್ಕರಗಳು. ಎರಡನೆಯದರ ಹೊತ್ತಿಗೆ ಹತ್ತು ಮಂದಿ ತಾರೆಯರು ಸಂಘ ಬಿಟ್ಟು ಹೊರಬಂದರು. ಅವರಲ್ಲಿ ಸೆತ್ಸುಕೊ ಹಾರಾ, ಇಸುಝು ಯಮಾದಾ, ತಕಮಿನೆ ಇದ್ದರು. ಇವರನ್ನು ಇಟ್ಟುಕೊಂಡು 1947ರಲ್ಲಿ ಶಿಂತೋಹೋ, ಅಂದರೆ ಹೊಸ ತೋಹೋ, ಶುರುವಾಯಿತು. ಹಳೆಯ ತೋಹೋದಲ್ಲಿ ಜಗಳ ಎಷ್ಟು ಹೋಯಿತೆಂದರೆ, 1948ರ ಆಗಸ್ಟ್‌ನಲ್ಲಿ ಸ್ಟುಡಿಯೊದಿಂದ ಮುಷ್ಕರದವರನ್ನು ಹೊರಹಾಕಲು ಪೊಲೀಸರ ಜೊತೆ ಅಮೆರಿಕದ ಟ್ಯಾಂಕ್‌ಗಳು, ವಿಮಾನಗಳು ಬಂದವು. ಬಾರದೆ ಉಳಿದದ್ದು ಯುದ್ಧನೌಕೆ ಒಂದೇ ಅನ್ನುವ ಮಾತು ಆಗ ಹುಟ್ಟಿತು.

ಶಿಂತೋಹೋದಲ್ಲಿ ಹಾಡಿ ನಟಿಸಿದ ಚಿತ್ರಗಳು ಗೆದ್ದವು. ಆದರೂ 1950ರಲ್ಲಿ ಅದನ್ನೂ ಬಿಟ್ಟು ಯಾವ ಕಂಪನಿಗೂ ಸೇರದೆ ನಿಂತರು. ಚಿತ್ರಕ್ಕೆ ಇಷ್ಟು ಅಂತ ಮಾತು, ಕಥೆ ಓದಿ ಒಪ್ಪಿಗೆ. ಇಪ್ಪತ್ತಾರು ವರ್ಷದ ಹೆಣ್ಣುಮಗಳು, ಮನೆ ತುಂಬ ಜನರ ಹೊಣೆ, ತಿಂಗಳ ಸಂಬಳ ಇಲ್ಲ. ಸುಮ್ನೆ ಮಾಡುವ ಕೆಲಸ ಅಲ್ಲ ಇದು.

ಸ್ವತಂತ್ರರಾದ ಮೇಲೆ ಬಂದ 1951ರ 'ಕಾರ್ಮೆನ್ ಊರಿಗೆ ಬಂದಳು' ಜಪಾನಿನ ಮೊದಲ ಪೂರ್ಣ ಬಣ್ಣದ ಕಥಾಚಿತ್ರ. ನಿರ್ದೇಶಕ ಕೆಯ್ಸುಕೆ ಕಿನೊಷಿತಾ. ದೇಶದಲ್ಲೇ ತಯಾರಾದ ಫ್ಯೂಜಿ ಫಿಲ್ಮ್ ಬಳಸಿದ್ದರು. ಅದಕ್ಕೆ ವಿಪರೀತ ಬೆಳಕು ಬೇಕಿತ್ತು. ಬಣ್ಣ ಕೈಕೊಟ್ಟರೆ ಇರಲಿ ಅಂತ ಇಡೀ ಚಿತ್ರವನ್ನು ಕಪ್ಪುಬಿಳುಪಿನಲ್ಲೂ ಇನ್ನೊಂದು ಸಲ ತೆಗೆದರು. ಅಂದರೆ ಅದೇ ನಟನೆ, ಅದೇ ಕುಣಿತ ಎರಡೆರಡು ಸಲ. ಟೋಕಿಯೊದಲ್ಲಿ ಬಟ್ಟೆ ಕಳಚಿ ಕುಣಿಯುವ ಹುಡುಗಿ, ತಾನು ದೊಡ್ಡ ಕಲಾವಿದೆ ಅಂತ ನಂಬಿಕೊಂಡು ಬೆಟ್ಟದ ತಪ್ಪಲಿನ ತನ್ನ ಹಳ್ಳಿಗೆ ಬರುವ ನಗೆಚಿತ್ರ ಅದು. ಮುಗ್ಧ ಮಗುವಿನ ಹಳೆಯ ಇಮೇಜ್ ಅಲ್ಲಿಗೆ ಒಡೆಯಿತು. ಅದಾದ ಮೇಲೆ ಪ್ಯಾರಿಸ್‌ಗೆ ಹೋಗಿ ಸುಮಾರು ಆರು ತಿಂಗಳು ಇದ್ದು ಬಂದರು.

1953ರಲ್ಲಿ ಐದು ಕಂಪನಿಗಳು ಸೇರಿ ಒಂದು ಒಪ್ಪಂದ ಮಾಡಿಕೊಂಡವು. ಒಬ್ಬರ ನಟರನ್ನು, ನಿರ್ದೇಶಕರನ್ನು ಇನ್ನೊಬ್ಬರು ಸೆಳೆಯಬಾರದು. ಮತ್ತೆ ಚಿತ್ರ ತೆಗೆಯಲು ಹೊರಟಿದ್ದ ನಿಕ್ಕತ್ಸು ತಮ್ಮವರನ್ನು ಎಳೆದುಕೊಂಡು ಹೋಗುತ್ತದೆ ಅನ್ನುವ ಭಯ ಇದರ ಹಿಂದಿತ್ತು. ಕರಾರಿನಲ್ಲಿದ್ದವರಿಗೆ ಬಾಗಿಲು ಇನ್ನಷ್ಟು ಭದ್ರವಾಗಿ ಮುಚ್ಚಿತು. ತಕಮಿನೆ ಅಷ್ಟರಲ್ಲಿ ಬಾಗಿಲ ಆಚೆ ಇದ್ದರು. ಅವರ ಹೆಸರಿಗೆ ಟಿಕೆಟ್ ಮಾರಾಟವಾಗುತ್ತಿತ್ತು, ಹಾಗಾಗಿ ಎಲ್ಲ ಕಂಪನಿಗಳಿಗೂ ಅವರು ಬೇಕಿತ್ತು.

ಇದರ ಫಲ ನೋಡಿ. 1954ರ ಸೆಪ್ಟೆಂಬರ್‌ನಲ್ಲಿ ಶೋಚಿಕುವಿನ 'ಇಪ್ಪತ್ನಾಲ್ಕು ಕಣ್ಣುಗಳು' ಬಂತು. ನಾಲ್ಕೇ ತಿಂಗಳಲ್ಲಿ, 1955ರ ಜನವರಿಯಲ್ಲಿ, ಎದುರಾಳಿ ತೋಹೋದ 'ಉಕಿಗುಮೊ' ಬಂತು. ಕಿನೆಮಾ ಜುನ್‌ಪೊ ಅನ್ನುವ ಸಿನಿಮಾ ಪತ್ರಿಕೆಯ ವರ್ಷದ ಅತ್ಯುತ್ತಮ ಚಿತ್ರಗಳ ಪಟ್ಟಿಯಲ್ಲಿ 1954ರ ಮೊದಲ ಸ್ಥಾನ ಒಂದಕ್ಕೆ, 1955ರ ಮೊದಲ ಸ್ಥಾನ ಇನ್ನೊಂದಕ್ಕೆ. 1954ರ ಎರಡನೇ ಸ್ಥಾನದ ಚಿತ್ರದಲ್ಲೂ ತಕಮಿನೆ ಇದ್ದರು. ಕುರೊಸಾವಾ ಅವರ 'ಸೆವೆನ್ ಸಮುರಾಯ್' ಆ ವರ್ಷ ಮೂರನೆಯದು. ಒಂದೇ ಕಂಪನಿಯ ಸಂಬಳದಲ್ಲಿದ್ದ ನಟಿಗೆ ಹೀಗೆ ಎರಡೂ ಕಡೆಯ ಅತ್ಯುತ್ತಮ ಕಥೆ ಸಿಗುವುದು ಕಷ್ಟವಿತ್ತು.

ಮೇಷ್ಟರಮ್ಮ ಮತ್ತು ಬಾರ್‌ನ ಮಾಮಾ

ಕಿನೊಷಿತಾ ಅವರ 'ಇಪ್ಪತ್ನಾಲ್ಕು ಕಣ್ಣುಗಳು' 1928ರಿಂದ 1946ರವರೆಗಿನ ಕಥೆ. ಶೋದೊಶಿಮಾ ದ್ವೀಪದ ಹಳ್ಳಿ ಶಾಲೆಗೆ ಹೊಸ ಮೇಷ್ಟರಮ್ಮ ಸೈಕಲ್ ತುಳಿಯುತ್ತಾ, ಕೋಟು ಸ್ಕರ್ಟ್ ಹಾಕಿಕೊಂಡು ಬರುತ್ತಾರೆ. ಊರವರು ಮುಖ ಸಿಂಡರಿಸುತ್ತಾರೆ. ತರಗತಿಯಲ್ಲಿ ಹನ್ನೆರಡು ಮಕ್ಕಳು, ಇಪ್ಪತ್ನಾಲ್ಕು ಕಣ್ಣು. ಮಕ್ಕಳು ಬೆಳೆದಂತೆ ಮುಖ ಹೊಂದಬೇಕಲ್ಲ, ಅದಕ್ಕೆ ಹೋಲಿಕೆ ಇರುವ ಅಣ್ಣತಮ್ಮಂದಿರು, ಅಕ್ಕತಂಗಿಯರ ಜೋಡಿಗಳನ್ನೇ ಹುಡುಕಿ ತಂದಿದ್ದರು. ತಕಮಿನೆಗೆ ಆಗ ಮೂವತ್ತು. ಇಪ್ಪತ್ತರ ಹರೆಯದಿಂದ ನಲವತ್ತು ದಾಟಿದ ವಿಧವೆಯವರೆಗೆ ಅವರೊಬ್ಬರೇ ಮಾಡಿದರು. ನಡಿಗೆ ನಿಧಾನವಾಗುತ್ತದೆ, ಭುಜ ಇಳಿಯುತ್ತದೆ.

ಹುಡುಗರು ಯುದ್ಧಕ್ಕೆ ಹೋಗುತ್ತಾರೆ. ಕೊನೆಯಲ್ಲಿ ಉಳಿದವರು ಸೇರಿದಾಗ, ಯುದ್ಧದಲ್ಲಿ ಕಣ್ಣು ಕಳೆದುಕೊಂಡು ಬಂದ ಶಿಷ್ಯನ ಕೈಗೆ ಒಂದನೇ ಕ್ಲಾಸಿನ ಹಳೆಯ ಫೋಟೋ ಬರುತ್ತದೆ. ಅವನು ಬೆರಳಿಟ್ಟು ಇವರು ಇಂಥವರು, ಪಕ್ಕದಲ್ಲಿ ಇಂಥವರು ಅಂತ ಹೇಳುತ್ತಾ ಹೋಗುತ್ತಾನೆ. ಅದನ್ನು ಕೇಳುವ ತಕಮಿನೆಯ ಮುಖ ನೋಡಿ ಅಳದೆ ಇರುವುದು ಕಷ್ಟ.

ಕಿನೊಷಿತಾ ಅಳಿಸಿದರೆ, ಇನ್ನೊಬ್ಬ ನಿರ್ದೇಶಕ ಮಿಕಿಯೊ ನರುಸೆ ಅಳುವನ್ನು ಗಂಟಲಲ್ಲೇ ನಿಲ್ಲಿಸಿದರು. ಇಬ್ಬರಲ್ಲಿ ಯಾರು ಹೆಚ್ಚು ಅಂದರೆ ನನ್ನ ಮತ ನರುಸೆಗೆ. 1941ರಿಂದ 1966ರವರೆಗೆ ಇಬ್ಬರೂ ಸೇರಿ 17 ಚಿತ್ರ ಮಾಡಿದರು. ನರುಸೆ ಸೆಟ್‌ನಲ್ಲಿ ಮಾತಾಡುವುದೇ ಅಪರೂಪ. ಹೀಗೆ ಮಾಡಿ, ಹಾಗೆ ಮಾಡಿ ಅಂತ ಹೇಳಿಕೊಡುತ್ತಿರಲಿಲ್ಲ. ಬರೆದಿದ್ದ ಮಾತುಗಳನ್ನೂ ಕತ್ತರಿಸಿ ಹಾಕುತ್ತಿದ್ದರು. ಉಳಿದದ್ದನ್ನು ನಟಿ ಕಣ್ಣಲ್ಲೇ ತುಂಬಬೇಕು.

'ಉಕಿಗುಮೊ', ಅಂದರೆ ತೇಲುವ ಮೋಡಗಳು, ಲೇಖಕಿ ಫುಮಿಕೊ ಹಯಾಶಿ ಅವರ ಕಾದಂಬರಿಯಿಂದ ಬಂದದ್ದು. ಯುದ್ಧದ ಕಾಲದಲ್ಲಿ ಇಂಡೋಚೈನಾದ ಅರಣ್ಯ ಇಲಾಖೆಯಲ್ಲಿ ಹುಟ್ಟಿದ ಪ್ರೇಮ, ಸೋತ ಜಪಾನಿಗೆ ಬಂದ ಮೇಲೆ ಹಳಸುತ್ತದೆ. ಆತನಿಗೆ ಹೆಂಡತಿ ಇದ್ದಾಳೆ, ಬೇರೆ ಹೆಂಗಸರೂ ಬರುತ್ತಾರೆ. ಇವಳಿಗೆ ಬಿಡಲಾಗುವುದಿಲ್ಲ. ಈ ಪಾತ್ರ ತಮ್ಮಿಂದ ಆಗದು ಅಂತ ತಕಮಿನೆ ಮೊದಲು ಹಿಂಜರಿದಿದ್ದರು. ಆ ವರ್ಷದ ಅತ್ಯುತ್ತಮ ನಟಿ ಅಂತ ಕಿನೆಮಾ ಜುನ್‌ಪೊ ಆರಿಸಿದ್ದು ಅವರನ್ನೇ.

1960ರ 'ಹೆಣ್ಣು ಮೆಟ್ಟಿಲು ಹತ್ತುವಾಗ' ಚಿತ್ರದಲ್ಲಿ ಅವರು ಕೆಯ್ಕೊ. ಟೋಕಿಯೊದ ಗಿಂಝಾದಲ್ಲಿ ಬೇರೆಯವರ ಬಾರ್ ನಡೆಸುವ ವಿಧವೆ, ಅಲ್ಲಿನವರ ಬಾಯಲ್ಲಿ ಮಾಮಾ, ಅಂದರೆ ಅಮ್ಮ. ವಯಸ್ಸು ಮೂವತ್ತಾಯಿತು. ಮದುವೆಯಾಗಬೇಕು, ಇಲ್ಲವೇ ಸ್ವಂತ ಬಾರ್ ತೆರೆಯಬೇಕು. ಎರಡಕ್ಕೂ ಗಂಡಸರ ಕೃಪೆ ಬೇಕು. ಪ್ರತಿ ಸಂಜೆ ಬಾರ್‌ಗೆ ಹೋಗುವ ಕಿರಿದಾದ ಮೆಟ್ಟಿಲ ಕೆಳಗೆ ನಿಲ್ಲುತ್ತಾಳೆ. ಹತ್ತಲು ಮನಸ್ಸಿಲ್ಲ. ಕಿಮೊನೊ ಅಂಚು ಹಿಡಿದು ಹತ್ತುತ್ತಾಳೆ. ಬಾಗಿಲು ತೆರೆದ ಕೂಡಲೇ ಮುಖದಲ್ಲಿ ನಗು. ಮೆಟ್ಟಿಲಿಗೂ ಬಾಗಿಲಿಗೂ ನಡುವೆ ಆಗುವ ಆ ಬದಲಾವಣೆ ನೋಡಬೇಕು. ಈ ಚಿತ್ರದ ಉಡುಪು ವಿನ್ಯಾಸವೂ ತಕಮಿನೆಯದೇ. ಕೆಯ್ಕೊ ಉಡುವ ಕಿಮೊನೊ ಎಲ್ಲೂ ಮಿರಮಿರ ಮಿಂಚುವುದಿಲ್ಲ, ಅಚ್ಚುಕಟ್ಟು ಅಷ್ಟೇ. ಈಕೆ ಎಂಥವಳು ಅಂತ ಅದರಲ್ಲೇ ತಿಳಿಯುತ್ತದೆ.

1964ರ 'ಮಿದಾರೆರು' ಬಗ್ಗೆ ಹೇಳುವಾಗ ಕೊನೆಯನ್ನೂ ಹೇಳುತ್ತಿದ್ದೇನೆ. ನೋಡಬೇಕು ಅಂದುಕೊಂಡವರು ಈ ಪ್ಯಾರಾ ಬಿಟ್ಟು ಮುಂದೆ ಹೋಗಿ. ಯುದ್ಧದಲ್ಲಿ ಗಂಡ ಸತ್ತ ಮೇಲೆ ರೆಯ್ಕೊ (ತಕಮಿನೆ) ಅತ್ತೆ ಮನೆಯ ಅಂಗಡಿಯನ್ನು ಒಬ್ಬಳೇ ಎತ್ತಿ ನಿಲ್ಲಿಸಿದ್ದಾಳೆ. ಹತ್ತಿರದಲ್ಲಿ ಸೂಪರ್ ಮಾರ್ಕೆಟ್ ಬಂದು ವ್ಯಾಪಾರ ಕುಸಿಯುತ್ತದೆ. ತನಗಿಂತ ಚಿಕ್ಕವನಾದ ಮೈದುನ ಕೋಜಿ ಪ್ರೀತಿ ಹೇಳಿಕೊಳ್ಳುತ್ತಾನೆ. ಅವಳು ಮನೆ ಬಿಟ್ಟು ತವರಿಗೆ ಹೊರಡುತ್ತಾಳೆ. ಅವನೂ ಅದೇ ರೈಲು ಹತ್ತುತ್ತಾನೆ. ಮೊದಲು ದೂರ ನಿಂತಿರುತ್ತಾನೆ. ಜನ ಇಳಿದು ಜಾಗ ಖಾಲಿಯಾದಂತೆ ಒಂದೊಂದೇ ಸೀಟು ಹತ್ತಿರ ಬರುತ್ತಾನೆ. ಮಾತು ಬಹಳ ಇಲ್ಲ, ಇಬ್ಬರಿಗೂ ನಗು ಬರುತ್ತದೆ. ಇಬ್ಬರೂ ಗಿಂಝಾನ್ ಬಿಸಿನೀರಿನ ಬುಗ್ಗೆಯ ಊರಲ್ಲಿ ಇಳಿಯುತ್ತಾರೆ. ಅಲ್ಲೂ ಅವಳು ಅವನನ್ನು ಒಪ್ಪಲಾರಳು. ಬೆಳಗ್ಗೆ ಕಿಟಕಿಯಿಂದ ನೋಡಿದರೆ ಹೆಣ ಹೊತ್ತು ಹೋಗುತ್ತಿದ್ದಾರೆ. ಜೋತುಬಿದ್ದ ಬೆರಳಿನಲ್ಲಿ ಹಿಂದಿನ ದಿನ ತಾನೇ ಕಟ್ಟಿದ ಕಾಗದದ ಎಳೆ. ಅವಳು ಓಡುತ್ತಾಳೆ. ನಿಲ್ಲುತ್ತಾಳೆ. ಕ್ಯಾಮೆರಾ ಮುಖದ ಹತ್ತಿರ ಬರುತ್ತದೆ, ಚಿತ್ರ ಅಲ್ಲೇ ಮುಗಿಯುತ್ತದೆ. ಅತ್ತಿದ್ದರೆ ನಮಗೂ ಹಗುರ ಆಗುತ್ತಿತ್ತು. ಅವರು ಅಳುವುದಿಲ್ಲ.

ಈ ಕಥೆ ಬರೆದವರು ಜೆಂಝೊ ಮತ್ಸುಯಾಮಾ, ತಕಮಿನೆಯ ಗಂಡ. ಕಿನೊಷಿತಾ ಬಳಿ ಸಹಾಯಕರಾಗಿದ್ದ ಅವರನ್ನು 1955ರಲ್ಲಿ ಮದುವೆಯಾದರು. ಮದುವೆಯಾದ ಮೇಲೆ ನಟಿಯರು ಮನೆ ಸೇರುವುದೇ ರೂಢಿಯಾಗಿದ್ದ ಕಾಲದಲ್ಲಿ ತಕಮಿನೆ ಕೆಲಸ ಬಿಡಲಿಲ್ಲ. 1961ರಲ್ಲಿ ಮತ್ಸುಯಾಮಾ ನಿರ್ದೇಶಿಸಿದ ಮೊದಲ ಚಿತ್ರದಲ್ಲಿ ಕಿವಿ ಕೇಳದ ಹೆಂಡತಿಯಾಗಿ, ಕೈಸನ್ನೆಯ ಭಾಷೆಯಲ್ಲೇ ಮಾತಾಡಿದರು.

ಟೀವಿ ಬಂದ ಮೇಲೆ

1958ರಲ್ಲಿ ಜಪಾನಿನ ಟಾಕೀಸುಗಳಲ್ಲಿ 112 ಕೋಟಿಗೂ ಹೆಚ್ಚು ಟಿಕೆಟ್ ಮಾರಾಟವಾಗಿತ್ತು. 1970ರ ದಶಕದಲ್ಲಿ ಅದು 20 ಕೋಟಿಗಿಂತ ಕೆಳಗೆ ಬಿತ್ತು. ಶಿಂತೋಹೋ 1961ರಲ್ಲೇ ಮುಳುಗಿತು, ದಾಯೆಯ್ 1971ರಲ್ಲಿ. 1969ರಲ್ಲಿ ನರುಸೆ ತೀರಿಕೊಂಡರು. ಬಣ್ಣ, ಸೆಟ್ ಯಾವುದೂ ಬೇಡ, ಹಿಂದೆ ಬರೀ ಬಿಳಿ ಪರದೆ ಇಟ್ಟು ಒಂದು ಚಿತ್ರ ಮಾಡಬೇಕು ಅಂತ ಅವರು ತಕಮಿನೆ ಬಳಿ ಹೇಳಿಕೊಂಡಿದ್ದರು. ಅದು ಆಗಲೇ ಇಲ್ಲ.

ತಕಮಿನೆ ಚಿತ್ರಗಳನ್ನು ಕಮ್ಮಿ ಮಾಡುತ್ತಾ ಬಂದರು. 1973ರಲ್ಲಿ ಮರೆವಿನ ಕಾಯಿಲೆಯ ಮಾವನನ್ನು ನೋಡಿಕೊಳ್ಳುವ ಸೊಸೆಯಾಗಿ ನಟಿಸಿದರು. ಮುದುಕರ ಆರೈಕೆ ಯಾರ ಹೆಗಲಿಗೆ ಬೀಳುತ್ತದೆ ಅನ್ನುವ ಪ್ರಶ್ನೆ ಎತ್ತಿದ ಚಿತ್ರ ಅದು. 1979ರಲ್ಲಿ ಕಿನೊಷಿತಾ ಅವರ ಚಿತ್ರವೊಂದರಲ್ಲಿ ಮಗನನ್ನು ಕಳೆದುಕೊಂಡ ತಾಯಿ. ಅದೇ ಕೊನೆ. ಆಮೇಲೆ ನಟನೆಗೆ ಮರಳಲಿಲ್ಲ.

ಅಷ್ಟರಲ್ಲಿ ಅವರ ಕೈಗೆ ಪೆನ್ನು ಬಂದಿತ್ತು. ವಾರಪತ್ರಿಕೆಯಲ್ಲಿ ಕಂತುಕಂತಾಗಿ ಬಂದ ಆತ್ಮಕಥೆಗೆ 1976ರಲ್ಲಿ ಜಪಾನ್ ಎಸ್ಸೆಯಿಸ್ಟ್ ಕ್ಲಬ್ ಪ್ರಶಸ್ತಿ ಸಿಕ್ಕಿತು. ಸಾಕುತಾಯಿಯ ಜೊತೆಗಿನ ಕಹಿ, ದುಡ್ಡಿನ ಜಗಳ, ಕುರೊಸಾವಾ, ಯುದ್ಧ ಎಲ್ಲ ಅದರಲ್ಲಿದೆ. ಶಾಲೆ ಕಾಣದ ಹುಡುಗಿ ಬರಹಗಾರ್ತಿ ಅಂತಲೂ ಹೆಸರಾದರು. ಅನ್ನಿಸಿದ್ದನ್ನು ಹೇಳಲು ಅಂಜುತ್ತಿರಲಿಲ್ಲ. 1965ರಲ್ಲಿ ಟೋಕಿಯೊ ಒಲಿಂಪಿಕ್ಸ್ ಬಗ್ಗೆ ಕೋನ್ ಇಚಿಕಾವಾ ತೆಗೆದ ಸಾಕ್ಷ್ಯಚಿತ್ರವನ್ನು ಒಲಿಂಪಿಕ್ಸ್ ಮಂತ್ರಿ ಇಚಿರೊ ಕೋನೊ ಟೀಕಿಸಿದಾಗ, ತಕಮಿನೆ ಪತ್ರಿಕೆಯಲ್ಲಿ ಬರೆದು ಇಚಿಕಾವಾ ಪರ ನಿಂತರು. ಮಂತ್ರಿಯನ್ನೇ ಕಂಡು ಮಾತಾಡಿದರು. 2010ರ ಡಿಸೆಂಬರ್ 28ರಂದು, 86ನೇ ವಯಸ್ಸಿನಲ್ಲಿ ತೀರಿಕೊಂಡರು.

ಅವರ ಚಿತ್ರ ಒಂದೂ ನೋಡಿಲ್ಲ ಅಂದರೆ 'ಇಪ್ಪತ್ನಾಲ್ಕು ಕಣ್ಣುಗಳು' ಇಂದ ಶುರುಮಾಡಿ. ಮನೆಯವರೆಲ್ಲ ಕೂತು ನೋಡಬಹುದು. ಆಮೇಲೆ 'ಹೆಣ್ಣು ಮೆಟ್ಟಿಲು ಹತ್ತುವಾಗ'. ಅದು ಹಿಡಿಸಿದರೆ 'ಮಿದಾರೆರು', ಕೊನೆಗೆ 'ಉಕಿಗುಮೊ'. 'ಉಕಿಗುಮೊ'ವನ್ನೇ ಮೊದಲು ನೋಡಿದರೆ ಈಕೆ ಯಾಕೆ ಅವನನ್ನು ಬಿಟ್ಟು ಹೋಗುವುದಿಲ್ಲ ಅಂತ ಸಿಟ್ಟು ಬರಬಹುದು. ತಕಮಿನೆಯ ಮುಖ ಸ್ವಲ್ಪ ಪರಿಚಯವಾದ ಮೇಲೆ ನೋಡಿದರೆ, ಹೋಗಬೇಕು ಅಂತ ಅವಳಿಗೂ ಗೊತ್ತಿರುವುದು ಕಾಣಿಸುತ್ತದೆ.